ಮುನ್ನೂರು ಚೀಲ ಚೆರಿ ಮತ್ತು ಹದಿನಾಲ್ಕನೇ ಷರತ್ತು: ಕೊಡಗಿನ ಒಂದು ಆರ್ಬಿಟ್ರೇಷನ್ ಪ್ರಕರಣ

ಕಾಫಿ ಮಾರಾಟದ ಕರಾರು ಇದ್ದದ್ದು ಮೂರೇ ಪುಟ. ಮೊದಲ ಪುಟದಲ್ಲಿ ರೇಟು, ಚೀಲದ ಲೆಕ್ಕ, ಓಟಿ (ಚೀಲಕ್ಕೆ ಸಿಗುವ ಬೀಜದ ಲೆಕ್ಕ). ಎರಡನೇ ಪುಟದಲ್ಲಿ ಅಡ್ವಾನ್ಸು, ಮಾಲು ಕೊಡಬೇಕಾದ ಕೊನೆಯ ದಿನ. ಈ ಎರಡನ್ನೂ ಬೆಳೆಗಾರರು ಗಮನವಿಟ್ಟು ಓದಿದ್ದರು, ಚೌಕಾಸಿಯನ್ನೂ ಮಾಡಿದ್ದರು. ಮೂರನೇ ಪುಟದಲ್ಲಿ, ಸಹಿಗಿಂತ ಸ್ವಲ್ಪ ಮೇಲೆ, ಹದಿನಾಲ್ಕನೇ ಷರತ್ತು ಇತ್ತು. "ಈ ಕರಾರಿನಿಂದ ಹುಟ್ಟುವ ಎಲ್ಲ ವಿವಾದಗಳನ್ನು ಕಂಪನಿಯ ವ್ಯವಸ್ಥಾಪಕ ನಿರ್ದೇಶಕರು ನೇಮಿಸುವ ಒಬ್ಬ ಆರ್ಬಿಟ್ರೇಟರ್ ಇತ್ಯರ್ಥ ಮಾಡತಕ್ಕದ್ದು. ಆರ್ಬಿಟ್ರೇಷನ್ನಿನ ಸ್ಥಾನ ಬೆಂಗಳೂರು. ಅದರ ಪೂರ್ತಿ ಖರ್ಚು ಮಾರಾಟಗಾರರದ್ದು." ಆರ್ಬಿಟ್ರೇಷನ್ ಅಂದರೆ ಜಗಳವನ್ನು ಕೋರ್ಟಿನ ಬದಲು ಒಬ್ಬ ಖಾಸಗಿ ವ್ಯಕ್ತಿಯ ಮುಂದೆ ಇತ್ಯರ್ಥ ಮಾಡಿಕೊಳ್ಳುವುದು, ಆ ವ್ಯಕ್ತಿಯೇ ಆರ್ಬಿಟ್ರೇಟರ್. ಈ ಷರತ್ತಿನ ಬಗ್ಗೆ ಯಾರೂ ಮಾತೇ ಎತ್ತಲಿಲ್ಲ.

ಜಗಳ ಬಂದ ಮೇಲೆ ಹಣ ಎಷ್ಟು ಅನ್ನುವುದನ್ನು ಮೊದಲ ಪುಟ ತೀರ್ಮಾನಿಸಿತು. ಆ ಹಣಕ್ಕಾಗಿ ಯಾರು ಎಷ್ಟು ದೂರ ಓಡಾಡಬೇಕು, ಯಾರ ಮುಂದೆ ನಿಲ್ಲಬೇಕು, ಎಷ್ಟು ಖರ್ಚು ಮಾಡಬೇಕು ಅನ್ನುವುದನ್ನೆಲ್ಲ ತೀರ್ಮಾನಿಸಿದ್ದು ಈ ಮೂರು ವಾಕ್ಯ. ನಮ್ಮ ಬೆಳೆಗಾರರು ರೇಟಿಗೆ ಕೊಡುವ ಗಮನದಲ್ಲಿ ಅರ್ಧದಷ್ಟನ್ನಾದರೂ ಇದಕ್ಕೆ ಕೊಡಬೇಕು ಅನ್ನುವುದು ನನ್ನ ಗಟ್ಟಿ ಅಭಿಪ್ರಾಯ. ಅದಕ್ಕಾಗಿಯೇ ಈ ಪ್ರಕರಣವನ್ನು ಮೊದಲಿನಿಂದ ಬಿಡಿಸಿ ನೋಡುತ್ತಿದ್ದೇನೆ.

ಒಂದು ಮಾತು ಮೊದಲೇ ಹೇಳಬೇಕು. ಇಲ್ಲಿನ ಬೆಳೆಗಾರರು, ಕಂಪನಿ, ಚೀಲ ಮತ್ತು ರೂಪಾಯಿಯ ಲೆಕ್ಕ ಎಲ್ಲವೂ ಓದಿನ ಸಲುವಾಗಿ ಕಟ್ಟಿದವು. ಕಾಯ್ದೆಯ ಸೆಕ್ಷನ್‌ಗಳು, ಕೋರ್ಟಿನ ತೀರ್ಪುಗಳು, ಕಾಫಿ ವ್ಯಾಪಾರದ ಇತಿಹಾಸ ನಿಜವಾದವು.

ವ್ಯವಹಾರ

ಬೆಳೆಗಾರರದು ಸಿದ್ದಾಪುರದ ಕಡೆಯ ರೋಬಸ್ಟಾ ತೋಟ. ನೆರಳಿನ ಮರಗಳಿಗೆ ಮೆಣಸಿನ ಬಳ್ಳಿ ಹಬ್ಬಿಸಿದ್ದಾರೆ. 2023ರ ಡಿಸೆಂಬರ್‌ನಲ್ಲಿ, ಕುಯ್ಲು ಶುರುವಾಗುವ ಮೊದಲು, ಕೂಲಿಗೆ ಕೈಯಲ್ಲಿ ದುಡ್ಡು ಬೇಕಿತ್ತು. ಕುಶಾಲನಗರದ ಕಡೆ ಕ್ಯೂರಿಂಗ್ ಘಟಕ (ಸಿಪ್ಪೆ ತೆಗೆದು ಬೀಜ ಹದಮಾಡುವ ಜಾಗ) ಇಟ್ಟುಕೊಂಡಿರುವ ಒಂದು ಖರೀದಿ ಕಂಪನಿ ಅಡ್ವಾನ್ಸು ಕೊಡಲು ಒಪ್ಪಿತು. ಕರಾರು ಹೀಗಿತ್ತು: 50 ಕೆಜಿಯ 300 ಚೀಲ ರೋಬಸ್ಟಾ ಚೆರಿ (ಸಿಪ್ಪೆ ಸಮೇತ ಒಣಗಿಸಿದ ಕಾಫಿ ಹಣ್ಣು), ಓಟಿ 28, ಒಂದು ಓಟಿಗೆ ₹220. ಮಾಲು ಪೂರ್ತಿ ಕೊಡಲು ಕೊನೆಯ ದಿನ 2024ರ ಮಾರ್ಚ್ 30. ಅಡ್ವಾನ್ಸು ₹4 ಲಕ್ಷ.

ಕಾಫಿ ಗೊತ್ತಿಲ್ಲದವರಿಗೆ ಓಟಿ ಅಂದರೇನು ಅಂತ ಹೇಳಬೇಕು. ಕಣದಲ್ಲಿ ಒಣಗಿಸಿದ ಚೆರಿಯ ಸಿಪ್ಪೆ ತೆಗೆದರೆ 50 ಕೆಜಿ ಚೀಲದಿಂದ ಎಷ್ಟು ಕೆಜಿ ಬೀಜ ಸಿಗುತ್ತದೋ ಅದೇ ಅದರ ಔಟ್‌ಟರ್ನ್, ಬಾಯಿ ಮಾತಿನಲ್ಲಿ ಓಟಿ. 28 ಓಟಿ ಅಂದರೆ 28 ಕೆಜಿ ಬೀಜ. ₹220ರಂತೆ ಚೀಲಕ್ಕೆ ₹6,160 ಆಯಿತು. ಓಟಿ ಎರಡು ಇಳಿದರೆ ಚೀಲಕ್ಕೆ ₹440 ಹೋಯಿತು. ಹಾಗಾಗಿ ಕಾಫಿ ವ್ಯಾಪಾರದ ಜಗಳಗಳಲ್ಲಿ ಅರ್ಧ ತೂಕದ ಮೇಲೆ ನಿಂತಿದ್ದರೆ ಇನ್ನರ್ಧ ಸ್ಯಾಂಪಲ್ ಮೇಲೆ ನಿಂತಿರುತ್ತದೆ.

ಬೆಳೆಗಾರನೂ ಕಂಪನಿಯೂ ಹೀಗೆ ನೇರವಾಗಿ ಕರಾರು ಮಾಡಿಕೊಳ್ಳುವುದು ಕೊಡಗಿನಲ್ಲಿ ಬಹಳ ಹಳೆಯ ಪದ್ಧತಿಯೇನೂ ಅಲ್ಲ. 1942ರ ಕಾಫಿ ಕಾಯ್ದೆ ಬಂದ ಮೇಲೆ ಬೆಳೆಗಾರರು ತಮ್ಮ ಕಾಫಿಯನ್ನು ಕಾಫಿ ಬೋರ್ಡಿನ ಪೂಲ್‌ಗೆ, ಅಂದರೆ ಎಲ್ಲರ ಕಾಫಿ ಸೇರುವ ಒಟ್ಟು ಸಂಗ್ರಹಕ್ಕೆ, ಕೊಡಬೇಕಿತ್ತು. ಮಾರುತ್ತಿದ್ದದ್ದು ಬೋರ್ಡು. ಹಣ ಕಂತಿನಲ್ಲಿ ಬರುತ್ತಿತ್ತು. ತೊಂಬತ್ತರ ದಶಕದಲ್ಲಿ ಈ ಹಿಡಿತ ಹಂತಹಂತವಾಗಿ ಸಡಿಲವಾಯಿತು. 1996ರಲ್ಲಿ ಬೆಳೆಗಾರರಿಗೆ ತಮ್ಮ ಪೂರ್ತಿ ಬೆಳೆಯನ್ನು ಬೇಕಾದವರಿಗೆ ಮಾರುವ ಸ್ವಾತಂತ್ರ್ಯ ಸಿಕ್ಕಿತು. ಆ ಸ್ವಾತಂತ್ರ್ಯದ ಜೊತೆಗೇ ಕಂಪನಿಗಳು ಅಚ್ಚು ಹಾಕಿಸಿ ತರುವ ಕರಾರುಗಳೂ ತೋಟದ ಬಾಗಿಲಿಗೆ ಬಂದವು. ವಿಚಿತ್ರ ನೋಡಿ, ಇವತ್ತು ನಾವು ಬಳಸುವ ಆರ್ಬಿಟ್ರೇಷನ್ ಕಾಯ್ದೆಯೂ ಅದೇ 1996ರದ್ದು.

ರೇಟು ಏರಿತು

ಫೆಬ್ರುವರಿಯಲ್ಲಿ 180 ಚೀಲ ಹೋಯಿತು. ಅಷ್ಟರಲ್ಲಿ ಮಾರುಕಟ್ಟೆ ಬಿಸಿಯಾಗಿತ್ತು. 2024ರಲ್ಲಿ ರೋಬಸ್ಟಾ ಚೆರಿ ಚೀಲಕ್ಕೆ ಹತ್ತು ಸಾವಿರದ ಗಡಿ ಮುಟ್ಟಿದ್ದು ಕೊಡಗಿನ ಯಾರೂ ಮರೆಯುವಂಥದ್ದಲ್ಲ. ವಿಯೆಟ್ನಾಂನಲ್ಲಿ ಫಸಲು ಕಡಿಮೆಯಾದದ್ದು ಅದಕ್ಕೆ ದೊಡ್ಡ ಕಾರಣ. ನಮ್ಮ ಲೆಕ್ಕದಲ್ಲಿ ಮಾರ್ಚ್ 30ರಂದು ಒಂದು ಓಟಿಗೆ ₹330 ಅಂತ ಇಟ್ಟುಕೊಳ್ಳೋಣ. 28 ಓಟಿಯ ಚೀಲಕ್ಕೆ ₹9,240.

ಬೆಳೆಗಾರರು ಉಳಿದ 120 ಚೀಲ ಕಳಿಸಲಿಲ್ಲ. ಕಂಪನಿಯ ಮ್ಯಾನೇಜರ್ ಫೋನ್ ಮಾಡಿದರು.

"ಸಾರ್, ಲಾರಿ ಯಾವತ್ತು ಕಳಿಸ್ಲಿ?"

"ಈ ರೇಟಲ್ಲಿ ಹಳೇ ಲೆಕ್ಕಕ್ಕೆ ಹೇಗೆ ಕೊಡೋದು ಹೇಳಿ. ಗೊಬ್ಬರ, ಕೂಲಿ ಎಲ್ಲಾ ಏರಿದೆ. ಸ್ವಲ್ಪ ನೋಡಿ ಹಾಕಿ."

"ರೇಟು ಬಿದ್ದಿದ್ರೆ ನಾವು ಕಡಿಮೆ ಕೊಡ್ತೀವಿ ಅಂದ್ರೆ ನೀವು ಒಪ್ತಿದ್ರಾ ಸಾರ್?"

ಮಾತು ಅಲ್ಲಿಗೆ ಮುರಿಯಿತು. ಬೆಳೆಗಾರರು ಆ 120 ಚೀಲವನ್ನು ಹತ್ತಿರದ ಇನ್ನೊಬ್ಬ ವ್ಯಾಪಾರಿಗೆ ಅಂದಿನ ರೇಟಿಗೆ ಮಾರಿದರು. ಕಂಪನಿ ಇನ್ನೊಂದು ದಾರಿ ಹಿಡಿಯಿತು. ಅಡ್ವಾನ್ಸಿನ ಮೇಲೆ ಇನ್ನೂ ₹4.5 ಲಕ್ಷ ಕೊಟ್ಟಿದ್ದ ಅದು, ಬಾಕಿಯನ್ನು ತಡೆಹಿಡಿಯಿತು. ಜೊತೆಗೆ, ಬಂದ 180 ಚೀಲದ ಓಟಿ ನಮ್ಮ ಘಟಕದ ಪರೀಕ್ಷೆಯಲ್ಲಿ 26 ಮಾತ್ರ ಬಂದಿದೆ ಅಂತ ಹೇಳಿ ₹79,200 ಕಡಿತ ತೋರಿಸಿತು.

ಈಗ ಎರಡು ಲೆಕ್ಕ ಎದುರು ಬದುರಾದವು. ಕಂಪನಿಯ ಪ್ರಕಾರ, ಬಾರದ 120 ಚೀಲಕ್ಕೆ ಚೀಲಕ್ಕೆ ₹3,080ರಂತೆ ₹3,69,600 ನಷ್ಟ. ಬೆಳೆಗಾರರ ಪ್ರಕಾರ, 180 ಚೀಲದ ಬೆಲೆ ₹11,08,800, ಅದರಲ್ಲಿ ಬಂದದ್ದು ₹8,50,000, ಬಾಕಿ ₹2,58,800.

ಕೋರ್ಟಿಗೆ ಹೋದರೂ ವಾಪಸ್ಸು

ಬೆಳೆಗಾರರು ವಿರಾಜಪೇಟೆಯ ಸಿವಿಲ್ ಕೋರ್ಟಿನಲ್ಲಿ ಬಾಕಿ ವಸೂಲಿಗೆ ದಾವೆ ಹಾಕಿದರು. ಹತ್ತಿರದ ಕೋರ್ಟು, ಪರಿಚಯದ ವಕೀಲರು. ಸಹಜವೇ. ಆದರೆ ಕಂಪನಿಯ ವಕೀಲರು ಮೊದಲ ಉತ್ತರ ಸಲ್ಲಿಸುವ ಮುಂಚೆಯೇ 1996ರ ಕಾಯ್ದೆಯ ಸೆಕ್ಷನ್ 8ರ ಕೆಳಗೆ ಅರ್ಜಿ ಹಾಕಿ ಹದಿನಾಲ್ಕನೇ ಷರತ್ತನ್ನು ತೋರಿಸಿದರು.

ಸೆಕ್ಷನ್ 8 ಹೇಳುವುದು ಇಷ್ಟು. ಆರ್ಬಿಟ್ರೇಷನ್ ಒಪ್ಪಂದ ಇರುವ ವಿಷಯವನ್ನು ಒಬ್ಬರು ಕೋರ್ಟಿಗೆ ತಂದರೆ, ಇನ್ನೊಬ್ಬರು ಸಕಾಲದಲ್ಲಿ ಆಕ್ಷೇಪಿಸಿದರೆ, ಮೇಲ್ನೋಟಕ್ಕೇ ಅಂಥ ಒಪ್ಪಂದ ಇಲ್ಲ ಅನ್ನಿಸಿದ ಹೊರತು ಕೋರ್ಟು ಅದನ್ನು ಆರ್ಬಿಟ್ರೇಷನ್‌ಗೆ ಕಳಿಸಲೇಬೇಕು. "ಸಕಾಲ" ಅನ್ನುವುದು ಇಲ್ಲಿ ಮುಖ್ಯ. ವಿಷಯದ ಮೇಲೆ ತನ್ನ ಮೊದಲ ಹೇಳಿಕೆ ಸಲ್ಲಿಸುವ ದಿನದೊಳಗೆ ಕೇಳಬೇಕು. ಕಂಪನಿ ಸುಮ್ನೆ ಉತ್ತರ ಹಾಕಿ ಕೇಸು ನಡೆಸಿದ್ದರೆ ವಿರಾಜಪೇಟೆಯಲ್ಲೇ ವಿಚಾರಣೆ ಮುಂದುವರಿಯುತ್ತಿತ್ತು. ಅದು ಹಾಗೆ ಮಾಡಲಿಲ್ಲ. ಕೋರ್ಟು ಎರಡೂ ಕಡೆಯವರನ್ನು ಆರ್ಬಿಟ್ರೇಷನ್‌ಗೆ ಕಳಿಸಿತು.

ಇಲ್ಲಿ ಕೊಡಗಿನ ಓದುಗರಿಗೆ ಒಂದು ಪ್ರಶ್ನೆ ಬರಬಹುದು. ನಮ್ಮಲ್ಲಿ ಹಿಂದಿನಿಂದಲೂ ಹಿರಿಯರು ಕೂತು ಜಗಳ ಬಗೆಹರಿಸುತ್ತಾರೆ ಅಲ್ವಾ? ಒಕ್ಕದೊಳಗಿನ (ಕೊಡವ ಮನೆತನದೊಳಗಿನ) ವಿಷಯಕ್ಕೆ ಪಟ್ಟೆದಾರರು, ಊರಿನ ವಿಷಯಕ್ಕೆ ತಕ್ಕರು. ಅದೂ ಇದೂ ಒಂದೇನಾ? ಒಂದೇ ಅಲ್ಲ. ಹಿರಿಯರ ಮಾತಿಗೆ ಬಲ ಬರುವುದು ಅವರ ಮೇಲಿನ ಗೌರವದಿಂದ. ಆರ್ಬಿಟ್ರೇಟರ್ ತೀರ್ಪಿಗೆ ಬಲ ಬರುವುದು ಲಿಖಿತ ಒಪ್ಪಂದದಿಂದ. ಸೆಕ್ಷನ್ 7 ಬರಹ ಕೇಳುತ್ತದೆ. ಸಹಿ ಹಾಕಿದ ಕಾಗದ ಆಗಬಹುದು, ಪತ್ರ ವ್ಯವಹಾರ ಆಗಬಹುದು, ಇಮೇಲ್‌ನಂಥ ಎಲೆಕ್ಟ್ರಾನಿಕ್ ಸಂದೇಶವೂ ಆಗಬಹುದು. ಬಾಯಿ ಮಾತು ಆಗುವುದಿಲ್ಲ. ಒಮ್ಮೆ ಹಾಗೆ ಒಪ್ಪಿ ಬರೆದುಕೊಟ್ಟ ಮೇಲೆ, ತೀರ್ಪು ಬಂದರೆ ಅದು ಕೋರ್ಟಿನ ಡಿಕ್ರಿಯಂತೆಯೇ ಜಾರಿಯಾಗುತ್ತದೆ. ಹಿರಿಯರ ಮಾತು ಇಷ್ಟವಿಲ್ಲ ಅಂತ ಎದ್ದು ಹೋಗಬಹುದು. ಅವಾರ್ಡಿನಿಂದ, ಅಂದರೆ ಆರ್ಬಿಟ್ರೇಟರ್ ತೀರ್ಪಿನಿಂದ, ಹಾಗೆ ಎದ್ದು ಹೋಗಲು ಆಗುವುದಿಲ್ಲ.

ಆರ್ಬಿಟ್ರೇಟರ್ ಯಾರು?

ಈ ಪ್ರಕರಣದ ಜೀವಾಳ ಇಲ್ಲಿದೆ. ಕಂಪನಿ ಆರ್ಬಿಟ್ರೇಷನ್ ಶುರು ಮಾಡುತ್ತೇವೆ ಅಂತ ನೋಟಿಸ್ ಕಳಿಸಿತು. ಸೆಕ್ಷನ್ 21ರ ಪ್ರಕಾರ ಆ ನೋಟಿಸ್ ಎದುರು ಪಕ್ಷದ ಕೈ ಸೇರಿದ ದಿನವೇ ಆರ್ಬಿಟ್ರೇಷನ್ ಆರಂಭವಾದ ದಿನ. ಅದೇ ನೋಟಿಸಿನಲ್ಲಿ ವ್ಯವಸ್ಥಾಪಕ ನಿರ್ದೇಶಕರು ಬೆಂಗಳೂರಿನ ಒಬ್ಬ ವಕೀಲರನ್ನು ಆರ್ಬಿಟ್ರೇಟರ್ ಆಗಿ ನೇಮಿಸಿದ್ದರು. ಅವರು ಕಂಪನಿಗೆ ಈ ಹಿಂದೆ ಕಾನೂನು ಸಲಹೆ ಕೊಟ್ಟವರು.

ಕರಾರಿಗೆ ಸಹಿ ಹಾಕಿದ್ದೀರಿ, ಅದರಂತೆ ನೇಮಕ ಮಾಡಿದ್ದೇವೆ, ಇದರಲ್ಲಿ ತಪ್ಪೇನು ಅನ್ನುವುದು ಕಂಪನಿಯ ವಾದ. ಮೊದಲ ಸಲ ಕೇಳಿದರೆ ಸರಿ ಅನ್ನಿಸುವ ವಾದವೇ. ಒಂದು ಕಾಲದಲ್ಲಿ ಇದು ನಡೆಯುತ್ತಲೂ ಇತ್ತು. ಸರ್ಕಾರಿ ಇಲಾಖೆಗಳ ಗುತ್ತಿಗೆಗಳಲ್ಲಿ ಇಲಾಖೆಯ ಎಂಜಿನಿಯರರೇ ಆರ್ಬಿಟ್ರೇಟರ್ ಆಗಿ ಕೂರುತ್ತಿದ್ದರು.

2015ರ ತಿದ್ದುಪಡಿ ಇದನ್ನು ಬದಲಿಸಿತು. ಸೆಕ್ಷನ್ 12(5) ಮತ್ತು ಏಳನೇ ಅನುಸೂಚಿ ಬಂದವು. ಒಂದು ಪಕ್ಷದ ನೌಕರ, ಸಲಹೆಗಾರ, ಅಥವಾ ಅದರ ಜೊತೆ ಈಗಲೋ ಹಿಂದೆಯೋ ವ್ಯವಹಾರದ ಸಂಬಂಧ ಇದ್ದವರು ಆರ್ಬಿಟ್ರೇಟರ್ ಆಗಲು ಅನರ್ಹರು. 2017ರಲ್ಲಿ ಟಿಆರ್‌ಎಫ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಂದು ಹೆಜ್ಜೆ ಮುಂದೆ ಹೋಯಿತು. ತಾನೇ ಆರ್ಬಿಟ್ರೇಟರ್ ಆಗಲು ಅನರ್ಹನಾದ ನಿರ್ದೇಶಕ ಇನ್ನೊಬ್ಬರನ್ನು ನೇಮಿಸಲೂ ಆಗುವುದಿಲ್ಲ ಅಂತ ಹೇಳಿತು. 2019ರ ಪರ್ಕಿನ್ಸ್ ಈಸ್ಟ್‌ಮನ್ ತೀರ್ಪು ಅದನ್ನೇ ಗಟ್ಟಿ ಮಾಡಿತು: ವಿವಾದದ ಫಲದಲ್ಲಿ ಆಸಕ್ತಿ ಇರುವ ಪಕ್ಷ ಒಂಟಿಯಾಗಿ ಏಕೈಕ ಆರ್ಬಿಟ್ರೇಟರನ್ನು ಆರಿಸುವಂತಿಲ್ಲ. 2024ರ ನವೆಂಬರ್‌ನಲ್ಲಿ ಐದು ನ್ಯಾಯಮೂರ್ತಿಗಳ ಸಂವಿಧಾನ ಪೀಠ, ಸರ್ಕಾರಿ ಸಂಸ್ಥೆಗಳ ಗುತ್ತಿಗೆಯಲ್ಲಿ ಇಂಥ ಒಂದು ಕಡೆಯ ನೇಮಕದ ಷರತ್ತು ಸಮಾನತೆಯ ಹಕ್ಕಿಗೇ ವಿರುದ್ಧ ಅಂದಿತು.

ಇದು ನನಗೆ ಬಹಳ ಮುಖ್ಯ ಅನ್ನಿಸುತ್ತದೆ. ಕೋರ್ಟನ್ನು ಬಿಟ್ಟು ಖಾಸಗಿ ವ್ಯಕ್ತಿಯ ಮುಂದೆ ಹೋಗುವುದಕ್ಕೆ ಜನ ಒಪ್ಪುವುದೇ ಆ ವ್ಯಕ್ತಿ ಎರಡೂ ಕಡೆಗೆ ಸಮಾನ ಅನ್ನುವ ನಂಬಿಕೆಯಿಂದ. ಆ ನಂಬಿಕೆ ಇಲ್ಲದಿದ್ದರೆ ಎಷ್ಟು ಬೇಗ ತೀರ್ಪು ಬಂದರೂ ಅದಕ್ಕೆ ಬೆಲೆಯಿಲ್ಲ. ಸೆಕ್ಷನ್ 18 ಒಂದೇ ವಾಕ್ಯದಲ್ಲಿ ಇದನ್ನು ಹೇಳುತ್ತದೆ: ಎರಡೂ ಪಕ್ಷಗಳನ್ನು ಸಮನಾಗಿ ಕಾಣಬೇಕು, ಪ್ರತಿಯೊಬ್ಬರಿಗೂ ತಮ್ಮ ಮಾತು ಹೇಳಲು ಪೂರ್ತಿ ಅವಕಾಶ ಕೊಡಬೇಕು.

ಬೆಳೆಗಾರರ ವಕೀಲರು ತಕ್ಷಣ ಲಿಖಿತ ಆಕ್ಷೇಪ ಕಳಿಸಿದರು. ಅದು ಒಳ್ಳೆಯದೇ ಆಯಿತು. ಆದರೆ ಎಚ್ಚರದಿಂದಿರಬೇಕಾದ ಇನ್ನೊಂದು ವಿಷಯವನ್ನೂ ತಿಳಿದಿರಬೇಕು. ಏಳನೇ ಅನುಸೂಚಿಯ ಅನರ್ಹತೆಯನ್ನು ಬಿಟ್ಟುಕೊಡಬೇಕಾದರೆ, ಜಗಳ ಹುಟ್ಟಿದ ಮೇಲೆ, ಸ್ಪಷ್ಟವಾಗಿ ಬರೆದು ಒಪ್ಪಬೇಕು. ಸುಮ್ಮನಿದ್ದರು, ವಿಚಾರಣೆಗೆ ಬಂದರು ಅನ್ನುವಷ್ಟಕ್ಕೇ ಒಪ್ಪಿದಂತೆ ಆಗುವುದಿಲ್ಲ ಅಂತ 2019ರ ಭಾರತ್ ಬ್ರಾಡ್‌ಬ್ಯಾಂಡ್ ತೀರ್ಪು ಹೇಳಿದೆ. ಹಾಗಾಗಿ ಜಗಳ ಶುರುವಾದ ಮೇಲೆ "ಈ ಆರ್ಬಿಟ್ರೇಟರ್‌ಗೆ ನಮ್ಮ ಆಕ್ಷೇಪ ಇಲ್ಲ" ಅಂತ ಮುದ್ರಿಸಿದ ಕಾಗದ ಬಂದರೆ ಓದದೆ ಸಹಿ ಹಾಕಬಾರದು.

ನೇಮಕಕ್ಕೆ ಹೊಸ ದಾರಿ ಬೇಕಿತ್ತು. ಒಪ್ಪಿದ ನೇಮಕದ ವಿಧಾನ ಮುರಿದುಬಿದ್ದಾಗ ಅಥವಾ ಕೆಲಸಕ್ಕೆ ಬಾರದಾದಾಗ ಸೆಕ್ಷನ್ 11ರ ಕೆಳಗೆ ಹೈಕೋರ್ಟು ಆರ್ಬಿಟ್ರೇಟರನ್ನು ನೇಮಿಸುತ್ತದೆ. ಅರ್ಜಿ ಬೆಂಗಳೂರಿನಲ್ಲಿರುವ ಕರ್ನಾಟಕ ಹೈಕೋರ್ಟಿಗೆ ಹೋಯಿತು. ಈ ಹಂತದಲ್ಲಿ ಕೋರ್ಟು ನೋಡುವುದು ಆರ್ಬಿಟ್ರೇಷನ್ ಒಪ್ಪಂದ ಇದೆಯೇ ಅನ್ನುವುದನ್ನು ಮಾತ್ರ. ಯಾರು ಸರಿ, ಯಾರು ತಪ್ಪು ಅನ್ನುವ ಗೋಜಿಗೆ ಹೋಗುವುದಿಲ್ಲ. ನಿರ್ದೇಶಕರ ನೇಮಕದ ಮಾತನ್ನು ಬದಿಗಿಟ್ಟು, ಉಳಿದ ಷರತ್ತನ್ನು ಹಾಗೇ ಉಳಿಸಿ, ನಿವೃತ್ತ ಜಿಲ್ಲಾ ನ್ಯಾಯಾಧೀಶರೊಬ್ಬರನ್ನು ಏಕೈಕ ಆರ್ಬಿಟ್ರೇಟರ್ ಆಗಿ ನೇಮಿಸಿತು. ಅವರು ಸೆಕ್ಷನ್ 12ರಂತೆ ತಮಗೆ ಯಾರ ಜೊತೆಗೂ ಸಂಬಂಧವಿಲ್ಲ ಅನ್ನುವ ಲಿಖಿತ ಘೋಷಣೆ ಕೊಟ್ಟರು.

ಸ್ಥಾನ ಬೆಂಗಳೂರು, ಕೂತದ್ದು ಮಡಿಕೇರಿಯಲ್ಲಿ

"ಸ್ಥಾನ ಬೆಂಗಳೂರು" ಅಂದರೆ ಎಲ್ಲ ವಿಚಾರಣೆಗೂ ಇನ್ನೂರೈವತ್ತು ಕಿಲೋಮೀಟರ್ ಓಡಬೇಕಾ? ಬೆಳೆಗಾರರ ಮೊದಲ ಗಾಬರಿ ಇದೇ ಆಗಿತ್ತು. ಕುಯ್ಲಿನ ಕಾಲದಲ್ಲಿ ತೋಟ ಬಿಟ್ಟು ಹೋಗುವುದು ಸಣ್ಣ ವಿಷಯ ಅಲ್ಲ.

ಕಾಯ್ದೆಯಲ್ಲಿ ಇದಕ್ಕೆ ದಾರಿ ಇದೆ, ಗೊತ್ತಿರುವವರು ಕಡಿಮೆ. ಸ್ಥಾನ ಬೇರೆ, ಕೂರುವ ಜಾಗ ಬೇರೆ. ಸ್ಥಾನ ಅಂದರೆ ಈ ಆರ್ಬಿಟ್ರೇಷನ್ ಯಾವ ಊರಿನ ಕೋರ್ಟಿನ ಕಣ್ಣಿನ ಕೆಳಗೆ ನಡೆಯುತ್ತದೆ ಅನ್ನುವುದು. ಬೆಂಗಳೂರು ಅಂತ ಬರೆದರೆ ತಾತ್ಕಾಲಿಕ ಆದೇಶ ಬೇಕಾದರೂ, ಅವಾರ್ಡನ್ನು ಪ್ರಶ್ನಿಸಬೇಕಾದರೂ ಬೆಂಗಳೂರಿನ ಕೋರ್ಟಿಗೇ ಹೋಗಬೇಕು. 2017ರ ಇಂಡಸ್ ಮೊಬೈಲ್ ತೀರ್ಪು ಇದನ್ನು ಸ್ಪಷ್ಟ ಮಾಡಿದೆ. ಅಲ್ಲಿ ಮುಂಬೈ ಅಂತ ಬರೆದಿದ್ದ ಕಾರಣ ಮುಂಬೈ ಕೋರ್ಟುಗಳಿಗೆ ಮಾತ್ರ ಅಧಿಕಾರ ಅಂತಾಯಿತು. ನಮ್ಮ ಕರಾರಿನಲ್ಲೂ ಮುಂಬೈ ಅಂತ ಇದ್ದಿದ್ದರೆ ನೇಮಕದ ಅರ್ಜಿಗೂ ಬಾಂಬೆ ಹೈಕೋರ್ಟಿಗೆ ಹೋಗಬೇಕಾಗುತ್ತಿತ್ತು.

ಆದರೆ ಸೆಕ್ಷನ್ 20(3)ರ ಪ್ರಕಾರ ಸಾಕ್ಷಿ ಕೇಳಲು, ಮಾಲು ನೋಡಲು, ಕಾಗದ ಪರಿಶೀಲಿಸಲು ಆರ್ಬಿಟ್ರೇಟರ್ ತಮಗೆ ಸರಿ ಕಂಡ ಜಾಗದಲ್ಲಿ ಕೂರಬಹುದು. ಬೆಳೆಗಾರರ ವಕೀಲರು ಮೊದಲ ಸಭೆಯಲ್ಲೇ ಇದನ್ನು ಕೇಳಿದರು. ಸಾಕ್ಷಿಗಳು ಎಲ್ಲರೂ ಕೊಡಗಿನವರು. ಕಂಪನಿಯೂ ವಿರೋಧಿಸಲಿಲ್ಲ, ಅದರ ಮ್ಯಾನೇಜರ್ ಕೂಡ ಇಲ್ಲಿಯವರೇ. ಸಾಕ್ಷಿ ವಿಚಾರಣೆ ಮಡಿಕೇರಿಯಲ್ಲಿ, ಉಳಿದ ದಿನಗಳು ವಿಡಿಯೋದಲ್ಲಿ ಅಂತ ತೀರ್ಮಾನವಾಯಿತು. ಕೇಳದೆ ಇದ್ದಿದ್ದರೆ ಯಾರೂ ಕೊಡುತ್ತಿರಲಿಲ್ಲ.

ಕಾಗದಪತ್ರದ ಹಂತದ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಕಂಪನಿ ಹಕ್ಕಿನ ಹೇಳಿಕೆ ಸಲ್ಲಿಸಿತು, ಬೆಳೆಗಾರರು ಉತ್ತರದ ಜೊತೆ ಬಾಕಿಗಾಗಿ ಪ್ರತಿ ಹಕ್ಕು ಸಲ್ಲಿಸಿದರು. ಆರು ತಿಂಗಳಲ್ಲಿ ಇದು ಮುಗಿಯಬೇಕು. ಅಲ್ಲಿಂದ ಹನ್ನೆರಡು ತಿಂಗಳಲ್ಲಿ ಅವಾರ್ಡ್ ಬರಬೇಕು. ಇಬ್ಬರೂ ಒಪ್ಪಿದರೆ ಇನ್ನಾರು ತಿಂಗಳು. ಅದಕ್ಕೂ ಮೀರಿದರೆ ಕೋರ್ಟಿನ ಅನುಮತಿ. ಇದು ಸೆಕ್ಷನ್ 23 ಮತ್ತು 29ಎ ಹಾಕಿರುವ ಗಡುವು. 1940ರ ಹಳೆಯ ಕಾಯ್ದೆಯಲ್ಲಿ ಪ್ರತಿ ಹೆಜ್ಜೆಗೂ ಕೋರ್ಟಿಗೆ ಹೋಗಿ ಹೋಗಿ ಕೇಸುಗಳು ವರ್ಷಗಟ್ಟಲೆ ಎಳೆಯುತ್ತಿದ್ದವು. ಅದರಿಂದ ಪಾರಾಗಲಿಕ್ಕೇ 1996ರ ಕಾಯ್ದೆ ಬಂದದ್ದು.

ಸ್ಯಾಂಪಲ್ ಎಲ್ಲಿ?

ಮಡಿಕೇರಿಯಲ್ಲಿ ಮೊದಲು ಬಂದದ್ದು ಓಟಿಯ ಪ್ರಶ್ನೆ. ಕರಾರಿನ ಆರನೇ ಷರತ್ತಿನ ಪ್ರಕಾರ ಮಾಲು ಇಳಿಸುವಾಗ ಎರಡೂ ಕಡೆಯವರ ಮುಂದೆ ಸ್ಯಾಂಪಲ್ ತೆಗೆದು, ಸೀಲ್ ಮಾಡಿ, ಒಂದೊಂದು ಪೊಟ್ಟಣ ಒಬ್ಬೊಬ್ಬರು ಇಟ್ಟುಕೊಳ್ಳಬೇಕಿತ್ತು. ಕಂಪನಿ ತನ್ನ ಘಟಕದ ಪರೀಕ್ಷಾ ಚೀಟಿ ತಂದಿತು. 26 ಓಟಿ ಅಂತ ಅದರಲ್ಲಿತ್ತು.

ಬೆಳೆಗಾರರ ವಕೀಲರು ಮ್ಯಾನೇಜರನ್ನು ಕೇಳಿದ್ದು ಮೂರೇ ಪ್ರಶ್ನೆ. ಸ್ಯಾಂಪಲ್ ತೆಗೆಯುವಾಗ ತೋಟದ ಕಡೆಯವರು ಯಾರಿದ್ದರು? ಯಾರೂ ಇರಲಿಲ್ಲ. ಸೀಲ್ ಮಾಡಿದ ಪೊಟ್ಟಣ ಎಲ್ಲಿದೆ? ಇಟ್ಟಿಲ್ಲ. ಆ 180 ಚೀಲ ಈಗ ಎಲ್ಲಿದೆ? ಬೇರೆ ಮಾಲಿನ ಜೊತೆ ಸೇರಿಸಿ ಕ್ಯೂರಿಂಗ್ ಆಗಿದೆ.

ಆರ್ಬಿಟ್ರೇಟರ್‌ಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯಾಗಲಿ ಸಾಕ್ಷ್ಯ ಕಾನೂನಾಗಲಿ ಕಟ್ಟುನಿಟ್ಟಾಗಿ ಅನ್ವಯಿಸುವುದಿಲ್ಲ ಅಂತ ಸೆಕ್ಷನ್ 19 ಹೇಳುತ್ತದೆ. ಬೇಕಾದರೆ ಸೆಕ್ಷನ್ 26ರ ಕೆಳಗೆ ತಜ್ಞರನ್ನೂ ನೇಮಿಸಬಹುದು. ಆದರೆ ತಜ್ಞರು ನೋಡಲಿಕ್ಕೆ ಸ್ಯಾಂಪಲ್ಲೇ ಇರಲಿಲ್ಲ. ಹಾಗಾಗಿ ಕರಾರು ಹೇಳಿದ ವಿಧಾನ ಬಿಟ್ಟು ಒಂದು ಕಡೆಯವರೇ ಮಾಡಿದ ಪರೀಕ್ಷೆಯನ್ನು ಅವರು ಒಪ್ಪಲಿಲ್ಲ. ₹79,200ರ ಕಡಿತ ಹೋಯಿತು. ಬೆಳೆಗಾರರಿಗೆ ₹2,58,800 ಪೂರ್ತಿ ಬರಬೇಕು ಅಂತಾಯಿತು.

ಕೊಡಗಿನಲ್ಲಿ ಎಷ್ಟೋ ಜನ ಸ್ಯಾಂಪಲ್ ಪೊಟ್ಟಣ ಇಟ್ಟುಕೊಳ್ಳುವುದಿಲ್ಲ. ಅಷ್ಟು ವರ್ಷದ ಪರಿಚಯ, ಅನುಮಾನ ಪಟ್ಟಂತೆ ಆಗುತ್ತದೆ ಅಂತ ಸಂಕೋಚ. ಅರ್ಥವಾಗುತ್ತದೆ. ಆದರೂ ಇಟ್ಟುಕೊಳ್ಳಿ. ಇಲ್ಲಿ ಕಂಪನಿಯೂ ಇಟ್ಟಿರಲಿಲ್ಲ, ಅದರಿಂದ ಬೆಳೆಗಾರರು ಉಳಿದರು. ಕಂಪನಿ ಅಚ್ಚುಕಟ್ಟಾಗಿದ್ದಿದ್ದರೆ ಕಥೆ ಬೇರೆ.

120 ಚೀಲದ ಮಾತು

ಇನ್ನು ಬಾರದ ಚೀಲಗಳು. ಇಲ್ಲಿ ನನ್ನ ಅಭಿಪ್ರಾಯ ನಮ್ಮ ಬೆಳೆಗಾರರಿಗೆ ಇಷ್ಟವಾಗದೆ ಇರಬಹುದು. ಬೆಳೆಗಾರರು ತಪ್ಪಿದ್ದರು. ಅದರಲ್ಲಿ ಅನುಮಾನ ಇಲ್ಲ.

ಅವರ ವಾದ, ರೇಟು ಇಷ್ಟು ಏರುತ್ತದೆ ಅಂತ ಯಾರಿಗೂ ಗೊತ್ತಿರಲಿಲ್ಲ, ಪರಿಸ್ಥಿತಿಯೇ ಬದಲಾಯಿತು, ಹಾಗಾಗಿ ಕರಾರು ಬಿದ್ದುಹೋಯಿತು ಅನ್ನುವುದು. ಕರಾರು ಕಾಯ್ದೆಯ ಸೆಕ್ಷನ್ 56 ನಡೆಸಲಾಗದ ಕರಾರನ್ನು ಬಿಟ್ಟುಬಿಡುತ್ತದೆ ನಿಜ. ಆದರೆ ನಡೆಸಲು ಆಗದಿರುವುದು ಬೇರೆ, ನಡೆಸಿದರೆ ಲಾಭ ಕಡಿಮೆಯಾಗುವುದು ಬೇರೆ. 1960ರ ಅಲೋಪಿ ಪರ್ಷಾದ್ ಪ್ರಕರಣ ಇದಕ್ಕೆ ಒಳ್ಳೆಯ ಉದಾಹರಣೆ. ಸೈನ್ಯಕ್ಕೆ ತುಪ್ಪ ಕೊಳ್ಳುವ ಏಜೆಂಟರು, ಯುದ್ಧದಿಂದ ಪರಿಸ್ಥಿತಿ ಬದಲಾಗಿದೆ, ಕರಾರಿನ ದರಕ್ಕಿಂತ ಹೆಚ್ಚು ಕೊಡಿ ಅಂತ ಕೇಳಿದ್ದರು. ಅದೂ ಆರ್ಬಿಟ್ರೇಷನ್‌ನಿಂದಲೇ ಸುಪ್ರೀಂ ಕೋರ್ಟಿನ ತನಕ ಬಂದ ಜಗಳ. ಲೆಕ್ಕಾಚಾರ ಏರುಪೇರಾಯಿತು ಅನ್ನುವುದು ಕರಾರಿನಿಂದ ಬಿಡುಗಡೆ ಕೊಡುವುದಿಲ್ಲ ಅಂತ ಕೋರ್ಟು ಹೇಳಿತು. ನಮ್ಮ ಬೆಳೆಗಾರರ ಹತ್ತಿರ ಕಾಫಿ ಇತ್ತು, ಬೇರೆಯವರಿಗೆ ಮಾರಿದರು. ಹಾಗಿದ್ದ ಮೇಲೆ ಸೆಕ್ಷನ್ 56 ಸಹಾಯಕ್ಕೆ ಬರುವುದಿಲ್ಲ.

ಪರಿಹಾರ ಎಷ್ಟು? ಕರಾರು ಕಾಯ್ದೆಯ ಸೆಕ್ಷನ್ 73ರ ಮೊದಲ ದೃಷ್ಟಾಂತವೇ ಇಂಥದ್ದು. 1872ರಲ್ಲಿ ಬರೆದವರು ಐವತ್ತು ಮಣ ಪೆಟ್ಲುಪ್ಪಿನ ಲೆಕ್ಕ ಕೊಟ್ಟಿದ್ದಾರೆ: ಮಾರುವವನು ಮಾಲು ಕೊಡದಿದ್ದರೆ, ಕೊಡಬೇಕಾಗಿದ್ದ ದಿನ ಅಂಥದೇ ಮಾಲಿಗೆ ಇದ್ದ ಬೆಲೆ ಕರಾರಿನ ಬೆಲೆಗಿಂತ ಎಷ್ಟು ಹೆಚ್ಚೋ ಅಷ್ಟು ಕೊಳ್ಳುವವನಿಗೆ ಸಲ್ಲಬೇಕು. ಪೆಟ್ಲುಪ್ಪಿನ ಜಾಗದಲ್ಲಿ ಚೆರಿ ಇಟ್ಟರೆ ಮುಗಿಯಿತು. ಮಾರ್ಚ್ 30ರ ರೇಟಿಗೆ ಸ್ಥಳೀಯ ವ್ಯಾಪಾರಿಗಳ ಬಿಲ್ಲು, ಪತ್ರಿಕೆಯ ದರಪಟ್ಟಿ ಸಾಕ್ಷಿಯಾದವು. ₹3,69,600 ಕಂಪನಿಗೆ.

ಇದು ದಂಡ ಅಲ್ಲ. ಬೆಳೆಗಾರರು ಆ 120 ಚೀಲವನ್ನು ಹೊರಗೆ ಮಾರಿ ಹೆಚ್ಚಾಗಿ ಪಡೆದದ್ದೂ ಹತ್ತಿರ ಹತ್ತಿರ ಅಷ್ಟೇ. ಮಾತು ಮುರಿದು ಬಂದ ಲಾಭ ಮಾತು ನಂಬಿದವರಿಗೆ ಹೋಯಿತು, ಅಷ್ಟೇ ಆದದ್ದು. ರೇಟು ಬಿದ್ದಿದ್ದರೆ ಇದೇ ನಿಯಮ ಬೆಳೆಗಾರರನ್ನು ಕಾಯುತ್ತಿತ್ತು. ಆಗ ಕಂಪನಿ ಹಳೇ ರೇಟು ಕೊಡಲೇಬೇಕಿತ್ತು.

ಖರ್ಚು

ಎರಡೂ ಕಳೆದು ಕೂಡಿ, ಬೆಳೆಗಾರರು ಕಂಪನಿಗೆ ಕೊಡಬೇಕಾದದ್ದು ₹1,10,800. ಈಗ ಖರ್ಚಿನ ಲೆಕ್ಕ ನೋಡಿ.

ಕಾಯ್ದೆಯ ನಾಲ್ಕನೇ ಅನುಸೂಚಿಯಲ್ಲಿ ಆರ್ಬಿಟ್ರೇಟರ್ ಫೀಸಿನ ಮಾದರಿ ದರ ಇದೆ. ₹5 ಲಕ್ಷದವರೆಗಿನ ವಿವಾದಕ್ಕೆ ₹45,000. ಹಕ್ಕು ಮತ್ತು ಪ್ರತಿ ಹಕ್ಕಿಗೆ ಬೇರೆ ಬೇರೆ ಲೆಕ್ಕ ಅಂತ 2022ರಲ್ಲಿ ಒಎನ್‌ಜಿಸಿ ಮತ್ತು ಅಫ್ಕಾನ್ಸ್ ನಡುವಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಫೀಸನ್ನು ಆರ್ಬಿಟ್ರೇಟರ್ ತಮಗೆ ತೋಚಿದಂತೆ ಏರಿಸುವಂತಿಲ್ಲ ಅಂತಲೂ ಹೇಳಿದೆ. ಇಲ್ಲಿ ಎರಡು ₹45,000 ಸೇರಿ ₹90,000. ಒಬ್ಬರೇ ಆರ್ಬಿಟ್ರೇಟರ್ ಇದ್ದರೆ ಶೇ 25 ಹೆಚ್ಚು. ಒಟ್ಟು ₹1,12,500. ವಕೀಲರ ಫೀಸು, ಹೈಕೋರ್ಟಿನ ಅರ್ಜಿ, ಓಡಾಟ ಇದಕ್ಕೆ ಸೇರಿಲ್ಲ. ಕೊನೆಗೆ ಕೈ ಬದಲಾದ ಹಣಕ್ಕಿಂತ ಆರ್ಬಿಟ್ರೇಟರ್ ಫೀಸೇ ಜಾಸ್ತಿ ಆಯಿತು.

ಷರತ್ತಿನ ಪ್ರಕಾರ ಇದಷ್ಟೂ ಬೆಳೆಗಾರರದ್ದು. ಆದರೆ ಸೆಕ್ಷನ್ 31ಎ(5) ಇಲ್ಲಿ ಅಡ್ಡ ಬಂತು. ಖರ್ಚನ್ನು ಏನೇ ಆದರೂ ಒಬ್ಬರೇ ಹೊರಬೇಕು ಅನ್ನುವ ಒಪ್ಪಂದ ಜಗಳ ಹುಟ್ಟಿದ ಮೇಲೆ ಮಾಡಿಕೊಂಡರೆ ಮಾತ್ರ ಸಲ್ಲುತ್ತದೆ. ಡಿಸೆಂಬರ್‌ನಲ್ಲಿ ಅಡ್ವಾನ್ಸಿನ ಜೊತೆ ಹಾಕಿಸಿದ ಸಹಿ ಅದಕ್ಕೆ ಸಾಲದು. ಇಬ್ಬರೂ ಅರ್ಧ ಗೆದ್ದು ಅರ್ಧ ಸೋತ ಕಾರಣ ಫೀಸನ್ನು ಸಮನಾಗಿ ಹಂಚಿದರು, ತಲಾ ₹56,250.

ಐದಾರು ಲಕ್ಷದ ಜಗಳಕ್ಕೆ ಇಷ್ಟು ಖರ್ಚು ಸರಿಯಲ್ಲ ಅನ್ನುವುದು ನನ್ನ ಅಭಿಪ್ರಾಯ. ತಪ್ಪಿಸುವ ದಾರಿಗಳೂ ಇದ್ದವು. ತಾಲ್ಲೂಕು ಕಾನೂನು ಸೇವಾ ಸಮಿತಿಯ ಮೂಲಕ ಲೋಕ ಅದಾಲತ್‌ಗೆ ಹೋಗಬಹುದಿತ್ತು. ಅಲ್ಲಿ ಕೋರ್ಟ್ ಫೀ ಇಲ್ಲ, ರಾಜಿಯಾದರೆ ಅದಕ್ಕೆ ಡಿಕ್ರಿಯ ಬಲ ಇದೆ, ಮೇಲ್ಮನವಿಯೂ ಇಲ್ಲ. ಆರ್ಬಿಟ್ರೇಷನ್ ಶುರುವಾದ ಮೇಲೂ, ಆರ್ಬಿಟ್ರೇಟರ್ ನೇಮಕವಾಗುವ ಹೊತ್ತಿನವರೆಗೆ, ಸೆಕ್ಷನ್ 29ಬಿ ಪ್ರಕಾರ ತ್ವರಿತ ವಿಧಾನ ಆರಿಸಬಹುದಿತ್ತು. ಅದರಲ್ಲಿ ಬಾಯಿ ವಿಚಾರಣೆ ಸಾಮಾನ್ಯವಾಗಿ ಇರುವುದಿಲ್ಲ, ಕಾಗದದ ಮೇಲೆಯೇ ಆರು ತಿಂಗಳಲ್ಲಿ ತೀರ್ಪು. ಎರಡಕ್ಕೂ ಇಬ್ಬರ ಒಪ್ಪಿಗೆ ಬೇಕು. ಜಗಳದ ಬಿಸಿಯಲ್ಲಿ ಆ ಒಪ್ಪಿಗೆ ಸಿಗುವುದು ಕಷ್ಟ. ಅದಕ್ಕೇ ಕರಾರು ಬರೆಯುವ ದಿನವೇ ಕೇಳಬೇಕು: ಮೊದಲು ರಾಜಿಗೆ ಮೂವತ್ತು ದಿನ, ಆಗದಿದ್ದರೆ ಇಬ್ಬರೂ ಸೇರಿ ಆರಿಸುವ ಒಬ್ಬ ಆರ್ಬಿಟ್ರೇಟರ್, ತ್ವರಿತ ವಿಧಾನ, ಸ್ಥಾನ ಮಡಿಕೇರಿ. ಇದನ್ನು ಬರೆಸಲು ವಕೀಲರೇ ಬೇಕು ಅಂತ ಇಲ್ಲ. ಅಡ್ವಾನ್ಸಿನ ಚೆಕ್ ಕೈಗೆ ಬರುವ ಮುಂಚೆ ಕೇಳುವ ಧೈರ್ಯ ಬೇಕು. ಕಂಪನಿಗೆ ಕಾಫಿ ಬೇಕಿರುವ ವರ್ಷದಲ್ಲಿ ಅದು ಒಪ್ಪದಿರಲು ದೊಡ್ಡ ಕಾರಣವೇನೂ ಇಲ್ಲ.

ಅವಾರ್ಡ್ ಬಂದ ಮೇಲೆ

ಅವಾರ್ಡಿನಲ್ಲಿ ಕಾರಣಗಳು ಇದ್ದವು, ಬೇಡ ಅಂತ ಇಬ್ಬರೂ ಒಪ್ಪದಿದ್ದರೆ ಸಾಮಾನ್ಯವಾಗಿ ಇರಲೇಬೇಕು. ಸಹಿ ಹಾಕಿದ ಪ್ರತಿ ಕೈಗೆ ಬಂದ ದಿನದಿಂದ ಮೂರು ತಿಂಗಳಲ್ಲಿ ಸೆಕ್ಷನ್ 34ರ ಕೆಳಗೆ ಅದನ್ನು ಪ್ರಶ್ನಿಸಬಹುದು. ತಕ್ಕ ಕಾರಣ ಇದ್ದರೆ ಇನ್ನು ಮೂವತ್ತು ದಿನ, ಅದರಾಚೆ ಒಂದು ದಿನವೂ ಇಲ್ಲ. ಇಲ್ಲಿ ಅರ್ಜಿ ಹೋಗಬೇಕಾದದ್ದು ಬೆಂಗಳೂರಿನ ವಾಣಿಜ್ಯ ನ್ಯಾಯಾಲಯಕ್ಕೆ.

ಬೆಳೆಗಾರರಿಗೆ ಅಪೀಲು ಹೋಗುವ ಮನಸ್ಸಿತ್ತು. ವಕೀಲರು ನೇರವಾಗಿ ಹೇಳಿದರು: ಇದು ಅಪೀಲೇ ಅಲ್ಲ. ಸಾಕ್ಷ್ಯವನ್ನು ಕೋರ್ಟು ಮತ್ತೆ ತೂಗುವುದಿಲ್ಲ. ಮಾತು ಹೇಳಲು ಅವಕಾಶ ಸಿಗಲಿಲ್ಲ, ಆರ್ಬಿಟ್ರೇಟರ್ ತಮ್ಮ ವ್ಯಾಪ್ತಿ ಮೀರಿದರು, ಅವಾರ್ಡಿನ ಮೇಲೆಯೇ ಕಾಣುವಂಥ ಕಾನೂನು ತಪ್ಪು ಇದೆ, ಇಂಥ ಕೆಲವೇ ಕಾರಣಗಳಿಗೆ ಅದು ರದ್ದಾಗುತ್ತದೆ. 2025ರ ಏಪ್ರಿಲ್‌ನಲ್ಲಿ ಗಾಯತ್ರಿ ಬಾಲಸಾಮಿ ಪ್ರಕರಣದ ಸಂವಿಧಾನ ಪೀಠ ಅವಾರ್ಡನ್ನು ಕೋರ್ಟು ಸೀಮಿತವಾಗಿ ತಿದ್ದಬಹುದು ಅಂತ ಹೇಳಿದೆ. ಲೆಕ್ಕದ ತಪ್ಪಿನಂಥದ್ದಕ್ಕೆ ಅದು ಸರಿ. ನಮ್ಮ ಪ್ರಕರಣದಲ್ಲಿ ತಿದ್ದಲು ಅಂಥ ತಪ್ಪು ಇರಲಿಲ್ಲ.

ಮೂರು ತಿಂಗಳು ದಾಟಿದರೆ ಕಂಪನಿ ಸೆಕ್ಷನ್ 36ರ ಕೆಳಗೆ ಅವಾರ್ಡನ್ನು ಡಿಕ್ರಿಯಂತೆ ಜಾರಿ ಮಾಡಿಸಬಹುದು. ಬ್ಯಾಂಕ್ ಖಾತೆಯನ್ನೂ ಜಪ್ತಿ ಮಾಡಿಸಬಹುದು. ಅಷ್ಟರವರೆಗೆ ಬಡ್ಡಿಯೂ ಓಡುತ್ತದೆ. ಅವಾರ್ಡಿನಲ್ಲಿ ಬೇರೆ ಹೇಳದಿದ್ದರೆ ಅದು ಚಾಲ್ತಿ ದರಕ್ಕಿಂತ ಶೇ 2 ಹೆಚ್ಚು. ಇಲ್ಲಿ ಆರ್ಬಿಟ್ರೇಟರ್ ಅರವತ್ತು ದಿನದೊಳಗೆ ಕೊಟ್ಟರೆ ಬಡ್ಡಿ ಬೇಡ ಅಂತ ಬರೆದಿದ್ದರು. ಬೆಳೆಗಾರರು ಮೆಣಸು ಮಾರಿದ ಹಣದಲ್ಲಿ ₹1,10,800 ಅನ್ನು ಎರಡು ಕಂತಿನಲ್ಲಿ, ಎರಡನೆಯದನ್ನು ಐವತ್ತೆರಡನೇ ದಿನ, ಬ್ಯಾಂಕಿನ ಮೂಲಕ ಕಟ್ಟಿದರು. ಅವಾರ್ಡಿನಂತೆ ಪೂರ್ತಿ ಹಣ ಬಂದಿದೆ ಅಂತ ಕಂಪನಿಯಿಂದ ಲಿಖಿತ ರಸೀದಿ ಪಡೆದರು. ವಿರಾಜಪೇಟೆಯ ವಕೀಲರು ಅದರ ಒಂದು ಪ್ರತಿಯನ್ನು ಫೈಲಿಗೆ ಸೇರಿಸಿ ಪ್ರಕರಣ ಮುಗಿಸಿದರು.